ಮುಂದಿನ ಪ್ರಕರಣ ಕೇಳುವ ಗಂಡ

ಗಂಗಾವತಿಯ ಕಿರಾಣಿ ಅಂಗಡಿ ಕೊಟ್ರಪ್ಪನಂಥ ಗಂಡ ಇಡೀ ನಿಜಾಮರ ರಾಜ್ಯದಲ್ಲೇ ಇಲ್ಲ! ನಾನು ನನ್ನ ಕೂಸಿನ ತೊಟ್ಟಿಲು ತೂಗುತ್ತ ಅವನ ಹೆಂಡತಿ ಶಿವಬಸಮ್ಮನಿಗೆ ಕಾದಂಬರಿಯ ಒಂದೊಂದು ಪ್ರಕರಣವನ್ನು ದಿನಾ ಓದಿ ಹೇಳುತ್ತೇನೆ. ನಾಯಕ ಮಾಡಿದ್ದನ್ನೆಲ್ಲ ಆಕೆ ಗಂಡನಿಂದ ಬಯಸುತ್ತಾಳೆ. ಅದಕ್ಕೇ ಅವನು ಬೆಳಿಗ್ಗೆಯೇ ನಮ್ಮ ಕಟ್ಟೆಗೆ ಬಂದು, "ಅಕ್ಕಾರ, ಇವತ್ತ ನಾಯಕ ಏನ್ ಮಾಡ್ತಾನ್ರಿ?" ಎಂದು ವಿಚಾರಿಸುತ್ತಾನೆ. ನಾಯಕ ದೋಣಿವಿಹಾರ ಮಾಡಿದರೆ ಇವನು ಆಕೆಯನ್ನು ಆನೆಗೊಂದಿಯ ಹರಿಗೋಲಿನಲ್ಲಿ ಕೂರಿಸುತ್ತಾನೆ; ನಾಯಕ ನಿಟ್ಟುಸಿರಿಟ್ಟರೆ ಇವನು ಬೆಲ್ಲ ತೂಗುತ್ತಲೇ ನಿಟ್ಟುಸಿರಿಡುತ್ತಾನೆ, ಗಿರಾಕಿಗಳು "ಯಾಕ್ರಿ ಸಾವ್ಕಾರ, ಎದಿನೋವೇನ್ರಿ?" ಎಂದು ಗಾಬರಿಯಾಗುತ್ತಾರೆ! ನಿನ್ನೆ ಅವನು ಬಂದು ಕೇಳಿದಾಗ ಮಾತ್ರ ನಾನು ಪುಸ್ತಕ ಮುಚ್ಚಿಟ್ಟೆ. ಮುಂದಿನ ಪ್ರಕರಣದಲ್ಲಿ ಮಕ್ಕಳಾಗಲಿಲ್ಲವೆಂದು ನಾಯಕ ಎರಡನೆಯ ಮದುವೆಯಾಗುತ್ತಾನೆ. ಇವರಿಗೂ ಮದುವೆಯಾಗಿ ಏಳು ವರ್ಷವಾದರೂ ಮಕ್ಕಳಿಲ್ಲ. ತಡವರಿಸುತ್ತ ಹೇಳಿಬಿಟ್ಟೆ. ಕೊಟ್ರಪ್ಪ ಕೈಮುಗಿದ: "ಅದನ್ನ ಆಕಿಗೆ ನಮ್ಮವ್ವ ದಿನಾ ಹೇಳ್ತಾಳ್ರಿ. ನೀವಾದ್ರೂ ಬ್ಯಾರೆ ಓದ್ರಿ."