ಎಲ್ಲರ ಕೆಲಸಕ್ಕೂ ಕೈ ಹಾಕಿದ ಎಜ್ರಾ ಥಾರ್ನ್‌ಬಿ

ಮೂಕಚಿತ್ರಗಳ ಕಾಲದಲ್ಲಿ ಕಥೆ ಬರೆಯುವವರಿದ್ದರು, ನಟಿಸುವವರಿದ್ದರು, ಹಿನ್ನೆಲೆಯ ಪರದೆಗೆ ಬಣ್ಣ ಬಳಿಯುವವರಿದ್ದರು. ಇಷ್ಟನ್ನೂ ಒಬ್ಬರೇ ಮಾಡಬಲ್ಲವರಾಗಿದ್ದು, ಬೇಡವೆಂದರೂ ಮಾಡಿಯೇ ತೀರಿದವರು ಶ್ರೀ ಎಜ್ರಾ ಥಾರ್ನ್‌ಬಿಯವರು. ಇಪ್ಪತ್ತಮೂರು ವರ್ಷಗಳ ಸೇವೆಯ ನಂತರ ಅವರು ನಿವೃತ್ತರಾಗುತ್ತಿರುವ ಈ ಹೊತ್ತಿನಲ್ಲಿ ಅವರ ಪ್ರತಿಭೆಯನ್ನು ಹೊಗಳುವುದು ನ್ಯಾಯ. ಅದನ್ನು ತಾಳಿಕೊಂಡವರ ಪಾಡನ್ನು ಹೇಳುವುದೂ ನ್ಯಾಯವೇ.

೧೯೦೮ರಲ್ಲಿ ಹಡ್ಸನ್ ನದಿಯ ದಡದ ಊರಾದ ಫೋರ್ಟ್ ಲೀಯ ನಮ್ಮ ಸ್ಟುಡಿಯೊಗೆ ಷೆರಿಫನ ಪಾತ್ರ ಮಾಡಲು ಬಂದವರು, ಮಧ್ಯಾಹ್ನದ ಊಟದ ಹೊತ್ತಿಗೆ ಬಡಗಿಗೆ ಸುತ್ತಿಗೆ ಹಿಡಿಯುವುದನ್ನು ಕಲಿಸಿದ್ದರು. ಅವರು ಹೇಳಿದ್ದೇ ಸರಿಯಾಗಿತ್ತೆಂಬುದು ಇನ್ನೂ ರೇಗಿಸುವ ಸಂಗತಿ. ಮೂರು ವರ್ಷಗಳಲ್ಲಿ ವಾರಕ್ಕೊಂದು ಚಿತ್ರ ನಿರ್ದೇಶಿಸುವಷ್ಟು ಬೆಳೆದರು. ಬಡಗಿ ಮಾತ್ರ ಅವರನ್ನು ಕಂಡರೆ ಏಣಿ ಹತ್ತಿಬಿಡುತ್ತಿದ್ದ.

ಎಲ್ಲರಿಗಿಂತ ಹೆಚ್ಚು ಅನುಭವಿಸಿದವಳು ಕತ್ತಲ ಕೋಣೆಯ ಲೀನಾ ಡ್ರೆಶ್. ಚಿತ್ರೀಕರಿಸಿದ ಫಿಲ್ಮನ್ನು ಮರದ ಚೌಕಟ್ಟಿಗೆ ಸುತ್ತಿ ರಾಸಾಯನಿಕದ ತೊಟ್ಟಿಗೆ ಇಳಿಸುವುದು ಅವಳ ಕೆಲಸ. ತಂದೆ ತೀರಿಕೊಂಡಿದ್ದರು, ತಾಯಿ, ಇಬ್ಬರು ತಮ್ಮಂದಿರು ಅವಳ ದುಡಿಮೆಯಲ್ಲೇ ಉಣ್ಣುತ್ತಿದ್ದರು. ಥಾರ್ನ್‌ಬಿಯವರು ಮುಚ್ಚಿದ ಬಾಗಿಲಿನಾಚೆ ನಿಂತು, ಹೇಗೆ ಸುತ್ತಬೇಕೆಂದು ಉಪದೇಶಿಸುತ್ತಿದ್ದರು.

೧೯೧೫ರ ಜನವರಿಯಲ್ಲಿ ಹೆಪ್ಪುಗಟ್ಟಿದ ಹಡ್ಸನ್ ನದಿಯ ಹಿಮದ ಮೇಲೆ ನಾಯಕಿಯ ವಿದಾಯದ ದೃಶ್ಯ ತೆಗೆಯಲಾಯಿತು. ಕಡುಚಳಿಯಲ್ಲಿ, ಫಿಲ್ಮನ್ನು ಓಡಿಸುವ ಕ್ಯಾಮೆರಾದ ಹಿಡಿಯನ್ನು ನಿಧಾನವಾಗಿ ತಿರುಗಿಸದಿದ್ದರೆ ಒಣಗಿದ ಫಿಲ್ಮಿನೊಳಗೆ ವಿದ್ಯುತ್ ಕಿಡಿ ಹಾರಿ ಗೆರೆ ಮೂಡುತ್ತದೆ. ಅಷ್ಟು ತಿಳಿದಿದ್ದೂ ಥಾರ್ನ್‌ಬಿಯವರು ಕ್ಯಾಮೆರಾದವನನ್ನು ಸರಿಸಿ ತಾವೇ ಹುರುಪಿನಿಂದ ತಿರುಗಿಸಿದರು. ತೊಳೆದು ನೋಡಿದರೆ ನಿರ್ಮಲವಾದ ಆಕಾಶದ ತುಂಬ ಕವಲೊಡೆದ ಮಿಂಚು. ಅಷ್ಟರಲ್ಲಿ ಹಿಮವೂ ಒಡೆದುಹೋಗಿತ್ತು, ಮತ್ತೆ ತೆಗೆಯುವಂತಿರಲಿಲ್ಲ.

ಕತ್ತಲ ಕೋಣೆಯಲ್ಲಿ ಚೌಕಟ್ಟಿಗೆ ಸುತ್ತುವಾಗ ಒರಟಾಗಿ ಎಳೆದರೂ ಕಿಡಿ ಹಾರಿ ಇಂಥದೇ ಗೆರೆಗಳು ಬೀಳುತ್ತವೆ. ಸ್ಟುಡಿಯೊದ ಯಜಮಾನ ಹ್ಯಾಗರ್ಟಿ ವಿಚಾರಣೆಯ ಗೋಜಿಗೇ ಹೋಗದೆ, ಶನಿವಾರದ ನಂತರ ಬರುವುದು ಬೇಡವೆಂದು ಲೀನಾಳಿಗೆ ಹೇಳಿಕಳಿಸಿದ. ಆ ಸುದ್ದಿ ಅರಿಯದ ಥಾರ್ನ್‌ಬಿಯವರು ಫಿಲ್ಮನ್ನು ಬೆಳಕಿಗೆ ಹಿಡಿದು ಹಿಗ್ಗುತ್ತಿದ್ದರು.

“ನೋಡಮ್ಮ ಲೀನಾ, ದುಡ್ಡು ಕೊಟ್ರೂ ಇಂಥ ಸಿಡಿಲು ಸಿಗಲ್ಲ. ಕಥೆಗೊಂದು ಬಿರುಗಾಳಿ ಸೇರಿಸಿಬಿಡ್ತೀನಿ, ಸರಿಹೋಗತ್ತೆ.”

“ಸೇರಿಸಿ ಸಾರ್. ನೋಡೋಕೆ ನಾನಿರಲ್ಲ. ಹಿಡಿ ತಿರುಗಿಸಿದ್ದು ನೀವು, ಮನೆಗೆ ಹೋಗ್ತಿರೋದು ನಾನು.”

ಥಾರ್ನ್‌ಬಿಯವರು ಫಿಲ್ಮನ್ನು ಅವಳ ಕೈಗಿತ್ತು ನೇರವಾಗಿ ಹ್ಯಾಗರ್ಟಿಯ ಕೋಣೆಗೆ ನಡೆದರು. ತೆರೆದ ಬಾಗಿಲಿನಿಂದ ಎಲ್ಲರಿಗೂ ಕೇಳಿಸಿತು.

“ಆ ಹುಡುಗೀದು ತಪ್ಪಿಲ್ಲ. ಕ್ಯಾಮೆರಾದವನನ್ನ ತಳ್ಳಿ ನಾನೇ ತಿರುಗಿಸಿದ್ದು.”

“ಚಿತ್ರದಲ್ಲಿ ಎಲ್ಲಾದಕ್ಕೂ ನಿನ್ನ ಹೆಸರೇ ಬೇಕು ಅಂತೀಯಲ್ಲ, ಇದಕ್ಕೂ ಹಾಕ್ಕೋ,” ಎಂದ ಹ್ಯಾಗರ್ಟಿ. ಲೀನಾಳನ್ನು ಕೆಲಸದಲ್ಲಿ ಉಳಿಸಿಕೊಂಡು, ಅವರಿಂದ ಒಂದು ವರ್ಷ ನಿರ್ದೇಶನ ಕಿತ್ತುಕೊಂಡು ಪರದೆಗೆ ಬಣ್ಣ ಬಳಿಯಲು ಕಳಿಸಿದ. ಬಿರುಗಾಳಿ ಸೇರಿದ ಆ ಚಿತ್ರ ಬೇರೊಬ್ಬರ ಹೆಸರಿನಲ್ಲಿ ತೆರೆಕಂಡು ಚೆನ್ನಾಗಿಯೇ ಓಡಿತು. ಥಾರ್ನ್‌ಬಿಯವರು ತಪ್ಪೊಪ್ಪಿಕೊಂಡದ್ದರ ಬಗ್ಗೆ ಲೀನಾಳಲ್ಲಿ ಒಂದು ದಿನವೂ ಉಪಕಾರದ ಮಾತೆತ್ತಲಿಲ್ಲ. ಎತ್ತಿದ್ದು ಬರೇ ಒದ್ದೆ ಬಟ್ಟೆಯ ಮಾತು: ಕತ್ತಲ ಕೋಣೆಯಲ್ಲಿ ಒದ್ದೆ ಬಟ್ಟೆ ತೂಗುಹಾಕಿದರೆ ಕಿಡಿ ಹಾರದೆಂದು ದಿನವೂ ಬಂದು ಕಾಡಿದರು. ಬಾಯಿ ಮುಚ್ಚಿಸಲೆಂದೇ ತೂಗುಹಾಕಿದಳು. ಕಿಡಿ ನಿಂತಿತು. ಅವರು ಹೇಳಿದ್ದೇ ಸರಿಯಾಯಿತೆಂಬ ಸಿಟ್ಟು ಅವಳಿಗೆ ಇಂದಿಗೂ ಇಳಿದಿಲ್ಲ.

ಸ್ಟುಡಿಯೊ ಕ್ಯಾಲಿಫೋರ್ನಿಯಾಕ್ಕೆ ಹೋದಾಗ ಇಬ್ಬರೂ ಹೋದರು. ಅವರು ಮತ್ತೆ ನಿರ್ದೇಶಕರಾದರು; ಲೀನಾ ಇಂದು ಫಿಲ್ಮನ್ನು ಕತ್ತರಿಸಿ ಜೋಡಿಸುವ ಸಂಕಲನ ವಿಭಾಗದ ಮುಖ್ಯಸ್ಥೆ. ನಿವೃತ್ತಿಯ ಸುದ್ದಿ ಕೇಳಿ ಸ್ಟುಡಿಯೊದ ಅರ್ಧ ಜನ ನೆಮ್ಮದಿಯ ಉಸಿರು ಬಿಟ್ಟರೆ, ಅವಳು ತನ್ನ ಮೇಜಿನ ಪಕ್ಕದಲ್ಲಿ ಒಂದು ಕುರ್ಚಿ ಹಾಕಿಸಿ ಅವರಿಗೆ ಹೇಳಿಕಳಿಸಿದ್ದಾಳೆ: ಯಾವಾಗ ಬೇಕಾದರೂ ಬರಬಹುದು, ಏನನ್ನೂ ಮುಟ್ಟಬಾರದು.

ಶ್ರೀ ಥಾರ್ನ್‌ಬಿಯವರು ನೂರು ವರ್ಷ ಬಾಳಲಿ, ಬರೆಯಲಿ, ಬಣ್ಣ ಬಳಿಯಲಿ. ಆ ಕುರ್ಚಿಯಲ್ಲಿ ಕೈಕಟ್ಟಿ ಕೂರುವ ತಾಳ್ಮೆಯನ್ನೂ ದೇವರು ಅವರಿಗೆ ಕರುಣಿಸಲಿ. ಕೂರಲಾರರೆಂದು ಗೊತ್ತಿರುವುದರಿಂದ ಲೀನಾ ಅವರಿಗಾಗಿ ಒಂದು ಹೆಚ್ಚಿನ ಕತ್ತರಿಯನ್ನೂ ತರಿಸಿಟ್ಟಿದ್ದಾಳೆ.