ಉಶ್ ಸಾಹೇಬರು

ನಮ್ಮ ಮಹಡಿ ಮೇಲಿನ, ಸಾಕ್ಷ್ಯಚಿತ್ರ ತೆಗೆಯುವವರನ್ನು ಬೀದಿಯವರೆಲ್ಲ ಕರೆಯುತ್ತಿದ್ದುದು ‘ಉಶ್ ಸಾಹೇಬರು’ ಎಂದೇ. ಮೈಕ್ ಕೈಗೆತ್ತಿಕೊಂಡರೆಂದರೆ ಫ್ಯಾನು ನಿಲ್ಲಬೇಕು, ಕುಕ್ಕರು ಬಾಯಿ ಮುಚ್ಚಬೇಕು, ಕೆಳಮನೆಯ ನಾವು ಸೀನುವುದಕ್ಕೂ ಅಪ್ಪಣೆ ಕೇಳಬೇಕು. ಕ್ಷಯ ಬಂತೆಂದು ಗಿರಣಿಯವರು ಕೆಲಸದಿಂದ ತೆಗೆದುಹಾಕಿದ ಹೆಂಗಸರನ್ನು ಹುಡುಕಿಕೊಂಡು ಹೋಗಿ, “ಅಕ್ಕಾ, ಇನ್ನೊಂದ್ಸಲ ಹೇಳಿ, ಹೊರಗೆ ಗಾಡಿ ಹೋಯ್ತು” ಎನ್ನುತ್ತ ಗಂಟೆಗಟ್ಟಲೆ ಕೂರುತ್ತಿದ್ದರು. ಆ ಚಿತ್ರವನ್ನು ಊರೆಲ್ಲ ನೋಡಿದ ಮೇಲೆ ಹನ್ನೊಂದು ಹೆಂಗಸರಿಗೆ ಕೆಲಸ ಮರಳಿ ಸಿಕ್ಕಿತು. ಅದೇನು ಸಣ್ಣ ಮಾತಲ್ಲ. ಆದರೆ ಆ ಚಿತ್ರದ ಕೊನೆಯ ಮಾತನ್ನು, “ಎರಡು ವಾರ ದಾಟಿದ ಕೆಮ್ಮನ್ನು ಕಡೆಗಣಿಸಬೇಡಿ” ಎಂಬುದನ್ನು, ಮನೆಯಲ್ಲೇ, ಹೊರಗಿನ ಸದ್ದು ಬೀಳದಿರಲೆಂದು ತಲೆ ತುಂಬ ರಜಾಯಿ ಹೊದ್ದು ತಮ್ಮ ದನಿಯಲ್ಲಿ ರೆಕಾರ್ಡ್ ಮಾಡಲು ಮೂರು ತಿಂಗಳು ಹೆಣಗಿದ್ದರು. ಪ್ರತಿ ಸಲವೂ ಅಡುಗೆಮನೆಯಿಂದ ಹೆಂಡತಿಯ ಕೆಮ್ಮು ಅಡ್ಡ ಬರುತ್ತಿತ್ತು. “ಉಶ್! ಒಂದ್ನಿಮಿಷ ತಡ್ಕೊಳ್ಳೋಕಾಗಲ್ವೇನೇ?” ಎಂದು ಗದರುವುದು ಕೇಳಿ ನಾವು ಕೆಳಗೆ ನಗುತ್ತಿದ್ದೆವು. ಆಕೆ ಅದೇ ಕ್ಷಯದಲ್ಲಿ ಹೋಗಿ ವರ್ಷವಾಯಿತು. ಸಾಹೇಬರು ಈಗ ಯಾರಿಗೂ ಉಶ್ ಎನ್ನುವುದಿಲ್ಲ. ಕೆಟ್ಟವೆಂದು ಪಕ್ಕಕ್ಕಿಟ್ಟಿದ್ದ ಆ ರೆಕಾರ್ಡಿಂಗುಗಳನ್ನೆಲ್ಲ ಒಂದೊಂದಾಗಿ ಕೇಳುತ್ತ, ಮೊದಲ ಕೆಮ್ಮು ಯಾವತ್ತಿನದು, ಅಲ್ಲಿಂದ ಎರಡು ವಾರ ತುಂಬಿದ್ದು ಯಾವತ್ತು ಎಂದು ಹಳೆಯ ಕ್ಯಾಲೆಂಡರಿನಲ್ಲಿ ಗುರುತು ಹಾಕುತ್ತಾರೆ.