ಗೇರ್‌ಬಾಕ್ಸಿಗೆ ಎರಡನೇ ಸಹಿ

ನನಗೆ ಮೂರು ವರ್ಷವಾಗಿದ್ದಾಗ ಪೋಲಿಯೊ ಬಂದು ಎಡಗಾಲು ಸೋತುಹೋಯಿತು. ಅದಕ್ಕಾಗಿ ಅಳಬೇಕಾದದ್ದನ್ನೆಲ್ಲ ನಮ್ಮವ್ವ ಅತ್ತು ಮುಗಿಸಿದ್ದಾಳೆ, ನನಗೇನೂ ಉಳಿಸಿಲ್ಲ. ನಾನು ಹೇಳಹೊರಟಿರುವುದು ಕಾರಿನ ವಿಷಯ. ಆದರೆ ಕಾಲನ್ನು ಬಿಟ್ಟು ಕಾರಿನ ಮಾತು ಹೇಳಲಾಗದು. ಗೇರಿನ ಕಾರಿನಲ್ಲಿ ಕ್ಲಚ್ ತುಳಿಯುವುದು ಎಡಗಾಲು. ಅದಕ್ಕೇ ಐವತ್ಮೂರು ವರ್ಷದವರೆಗೆ ನಾನು ಸ್ಟೇರಿಂಗ್ ಮುಟ್ಟಿರಲಿಲ್ಲ.

ನಾಗಪುರಕ್ಕೆ ಬಂದು ಇಪ್ಪತ್ತು ವರ್ಷ ದಾಟಿತು. ನಮ್ಮ ಯಜಮಾನರು ವಾಯುಸೇನೆಯಲ್ಲಿ ಇಂಜಿನ್ ಫಿಟ್ಟರ್ ಆಗಿದ್ದವರು. ಕೊನೆಯ ಪೋಸ್ಟಿಂಗ್ ಇಲ್ಲಿಗಾಯಿತು, ನಿವೃತ್ತಿಯೂ ಇಲ್ಲೇ ಆಯಿತು. ನಾನು ಇಲ್ಲಿಯ ಒಂದು ಶಾಲೆಯಲ್ಲಿ ಗಣಿತ ಕಲಿಸುತ್ತಿದ್ದೆ. ಆ ವರ್ಷಗಳಲ್ಲೆಲ್ಲ ನಾನು ಯಾರದಾದರೂ ಹಿಂದೆ ಕೂತೇ ಹೋದವಳು. ಇವರ ಸ್ಕೂಟರಿನ ಹಿಂದೆ, ಆಟೋದಲ್ಲಿ, ಸ್ಟಾಫ್ ರೂಮಿನ ಪುಣ್ಯಾತ್ಮರ ಕಾರಿನ ಹಿಂದಿನ ಸೀಟಿನಲ್ಲಿ. ಹಿಂದೆ ಕೂರುವವರು ಮೊದಲು ಒಂದು ಪ್ರಶ್ನೆಗೆ ಉತ್ತರ ಕೊಡಬೇಕು: "ಎಲ್ಲಿಗೆ?" ಅದರ ಬೆನ್ನಿಗೇ "ಈ ಬಿಸಿಲಾಗ ಯಾಕ?" ಬರುತ್ತದೆ. ಯಾಕೆ ಅಂತ ಹೇಳಲು ಬಾರದಿದ್ದರೆ ಮನೆಯಲ್ಲೇ ಇರಬೇಕು. ನಾನು ಬಹಳ ಸಲ ಮನೆಯಲ್ಲೇ ಇದ್ದೆ.

ಸ್ವಯಂ ನಿವೃತ್ತಿ ತೆಗೆದುಕೊಂಡ ವರ್ಷ ಕಾರು ಬಂತು. ಎಸ್‌ಯುವಿ ಥರ ಎತ್ತರ, ಆದರೆ ಉದ್ದದಲ್ಲಿ ಗಿಡ್ಡ. ಸೀಟು ಎತ್ತರವಿದ್ದುದರಿಂದ ಕಾಲಿಗೆ ಆಸರೆಯಾಗಿ ಕಟ್ಟಿದ ಕಬ್ಬಿಣದ ಕ್ಯಾಲಿಪರ್ ಮಡಚದೆ ಒಳಗೆ ಜಾರಿಕೊಳ್ಳಬಹುದಿತ್ತು. ಕ್ಲಚ್ ಇಲ್ಲ, ಗೇರ್ ಹಾಕುವ ಗೋಜಿಲ್ಲ. ಸಿವಿಟಿ ಅಂತಾರೆ. ನಮ್ಮವರು ಊಟದ ಮೇಜಿನ ಮೇಲೆ ಎರಡು ಡಬ್ಬಿ ಇಟ್ಟು, ನನ್ನ ಲಂಗದ ಲಾಡಿ ಸುತ್ತಿ ಅದನ್ನು ವಿವರಿಸಿದರು.

"ಹಲ್ಲಿನ ಗೇರ ಇಲ್ಲ ಇದರಾಗ. ಎರಡು ಪುಲಿ ಅದಾವ, ನಡುವ ಉಕ್ಕಿನ ಪಟ್ಟಾ. ನಮ್ಮೂರ ಹಿಟ್ಟಿನ ಗಿರಣಿ ನೆನಪ ಮಾಡ್ಕೋ. ಪುಲಿ ಹಿಗ್ಗತಾವ, ಕುಗ್ಗತಾವ, ಗಾಡಿ ತಾನ ಹೊಂದ್ಕೊಂತೈತಿ. ಪಟ್ಟಾ ಜಾರಬಾರದು, ಎಣ್ಣಿ ಸುಡಬಾರದು. ಇಷ್ಟ ನೋಡ್ಕೊಂಡ್ರ ನಮಗಿಂತಾ ಹೆಚ್ಚು ಬಾಳತೈತಿ."

ಕಲಿತು, ಲೈಸೆನ್ಸ್ ಪಡೆದು ಮೊದಲ ಸಲ ಒಬ್ಬಳೇ ಹೋದದ್ದು ಫುಟಾಳಾ ಕೆರೆಗೆ. ಕೆರೆ ನೋಡಲು ಇಳಿಯಲೂ ಇಲ್ಲ. ಕಾರಿನಲ್ಲೇ ಕೂತು ಸುಟ್ಟ ಮೆಕ್ಕೆತೆನೆ ತಿಂದು, ಸೀರೆಯ ಮೇಲೆ ಬಿದ್ದ ಉಪ್ಪುಖಾರ ಝಾಡಿಸಿ ವಾಪಸು ಬಂದೆ. ಆಮೇಲೆ ಸಾವನೇರ್ ರಸ್ತೆಯಲ್ಲಿ ಕಲ್ಲಿದ್ದಲ ಲಾರಿಗಳ ಹಿಂದೆ ಹೋದೆ, ಮೌದಾ ಕಡೆ ಹೋದೆ, ಹೋದಲ್ಲಿ ಚಹಾ ಕುಡಿದು ಬಂದೆ. ಯಾರೂ ಎಲ್ಲಿಗೆ ಅನ್ನಲಿಲ್ಲ. ನಮ್ಮವರೂ ಅನ್ನಲಿಲ್ಲ, ಕೀಲಿಕೈ ಕೊಟ್ಟು ಗೇಟು ತೆಗೆಯುತ್ತಿದ್ದರು, ಅಷ್ಟೆ. ಅರ್ಧ ಆಯುಷ್ಯ ಕಳೆದ ಮೇಲೆ ಸಿಕ್ಕ ಸುಖ ಅದು, ನಾನು ಅದನ್ನು ಹೊಟ್ಟೆಬಾಕಳ ಹಾಗೆ ಉಂಡೆ.

ಈ ಸುಖವನ್ನು ಕಾಯುವ ಕೆಲಸ ನಮ್ಮವರದು. ಕಾರಿನ ಮೇಲೆ ಅವರಿಗಿದ್ದ ಕಾಳಜಿ ನೋಡಿ ಓಣಿಯವರು ನಗುತ್ತಿದ್ದರು. ಗೇರ್‌ಬಾಕ್ಸಿಗೆ ಕಂಪನಿ ಹೇಳಿದ ಎಣ್ಣೆಯೇ ಆಗಬೇಕು. ಅದೂ ಹೇಳಿದ್ದಕ್ಕಿಂತ ಮೊದಲೇ ಬದಲಿಸಬೇಕು, ಯಾಕೆಂದರೆ ನಾಗಪುರದ ಮೇ ತಿಂಗಳಿನ ಬಿಸಿಲು ಪುಸ್ತಕ ಬರೆದವನಿಗೆ ಏನು ಗೊತ್ತು. ಮುಂದಿನ ರೇಡಿಯೇಟರಿಗೆ ಧೂಳು ಕೂರಬಾರದು. ಇವೆಲ್ಲ ಸರಿಯೇ ಇದ್ದವು. ಇವುಗಳ ಜೊತೆಗೆ ಭಾನುವಾರದ್ದೊಂದು ಪದ್ಧತಿಯಿತ್ತು, ಅದನ್ನು ಅವರು ಗ್ರೌಂಡ್ ರನ್ ಅನ್ನುತ್ತಿದ್ದರು. ವಿಮಾನ ಹಾರುವ ಮೊದಲು ಚಕ್ರಕ್ಕೆ ತಡೆ ಕೊಟ್ಟು, ನಿಂತಲ್ಲೇ ಇಂಜಿನ್ ಏರಿಸಿ ಕಿವಿಗೊಟ್ಟು ಕೇಳುತ್ತಾರಂತೆ. ಇವರೂ ಬೆಳಿಗ್ಗೆ ಚಹಾ ಆದಮೇಲೆ ನಾಲ್ಕು ಚಕ್ರಕ್ಕೂ ಇಟ್ಟಿಗೆ ಕೊಟ್ಟು, ಗೇರಿನ ಹಿಡಿಯನ್ನು ಡಿಗೆ, ಅಂದರೆ ಮುಂದಕ್ಕೆ ಓಡುವ ಸ್ಥಾನಕ್ಕೆ ತಂದು, ಎಡಗಾಲಿನಲ್ಲಿ ಬ್ರೇಕ್ ಅದುಮಿ ಹಿಡಿದು, ಬಲಗಾಲಿನಲ್ಲಿ ಎಕ್ಸಿಲೇಟರ್ ಒತ್ತುತ್ತಿದ್ದರು. ಗಾಡಿ ನಿಂತಲ್ಲೇ ಹೂಂಕರಿಸುತ್ತಿತ್ತು. ಗಡಿಯಾರ ನೋಡಿ ಒಂದು ನಿಮಿಷ. ಮುಖದಲ್ಲಿ ಎಂಥ ತೃಪ್ತಿ ಅಂತೀರಿ!

ಆಮೇಲೆ ಪುಸ್ತಕ. ಉದ್ದನೆಯ ರಿಜಿಸ್ಟರಿನಲ್ಲಿ ಅವರೇ ಗೆರೆ ಎಳೆದಿದ್ದರು: ಮಾಡಿದ ಕೆಲಸ, ಕಂಡದ್ದು, ಮಾಡಿದವರ ಸಹಿ, ನೋಡಿದವರ ಸಹಿ. "ಒಬ್ಬರ ಕೈ, ಇನ್ನೊಬ್ಬರ ಕಣ್ಣು. ಎರಡೂ ಇಲ್ಲದ ವಿಮಾನ ಮ್ಯಾಲ ಏರಂಗಿಲ್ಲ," ಎನ್ನುವುದು ಅವರ ಮಾತು. ನೋಡುವವಳು ನಾನು. ನಮ್ಮ ಕಡೆ ಟೀಚರಿಗೆ ಅಕ್ಕೋರು ಅನ್ನುತ್ತಾರೆ; "ಅಕ್ಕೋರ, ಒಂದ ಸಹಿ," ಎಂದು ರಿಜಿಸ್ಟರ್ ಹಿಡಿದು ಅಡುಗೆಮನೆ ಬಾಗಿಲಿಗೆ ಬರುತ್ತಿದ್ದರು. ಭಾನುವಾರ ನಮ್ಮಲ್ಲಿ ಪೋಹೆ, ಇಲ್ಲಿಯ ಒಗ್ಗರಣೆ ಅವಲಕ್ಕಿ. ನಾನು ಒಂದು ಕೈಯಲ್ಲಿ ಸೌಟು ಹಿಡಿದು ಇನ್ನೊಂದು ಕೈಯಲ್ಲಿ ಗೀಚಿ ಕೊಡುತ್ತಿದ್ದೆ.

ಇಲ್ಲಿ ನನ್ನ ಬಗ್ಗೆ ಒಂದು ಮಾತು ಹೇಳಲೇಬೇಕು. ಬೋರ್ಡ್ ಪರೀಕ್ಷೆಯ ಉತ್ತರಪತ್ರಿಕೆಗಳನ್ನು ಎರಡನೇ ಸಲ ನೋಡಿ ಸಹಿ ಹಾಕುವ ಕೆಲಸ ವರ್ಷಗಟ್ಟಲೆ ಮಾಡಿದವಳು ನಾನು. ಅರ್ಧ ಅಂಕ ಹೆಚ್ಚುಕಡಿಮೆ ಹಾಕಿದ ಮೊದಲನೆಯವರನ್ನು ಎಲ್ಲರ ಎದುರು ನಿಲ್ಲಿಸಿ ಕೇಳುತ್ತಿದ್ದೆ, "ನೀವು ನೋಡದೆ ಹಾಕಿದಿರೋ, ನೋಡಿ ಹಾಕಿದಿರೋ?" ಎಂದು. ನನ್ನ ಕಣ್ಣಿಗೆ ಹೆದರುತ್ತಿದ್ದರು. ಆ ಕಣ್ಣನ್ನು ನಾನು ಶಾಲೆಯಲ್ಲೇ ಬಿಟ್ಟುಬಂದಿದ್ದೆನೋ ಏನೋ. ಮನೆಯಲ್ಲಿ, ಗಂಡ ಹಿಡಿದ ರಿಜಿಸ್ಟರಿನಲ್ಲಿ, ಏನಿದೆ ಅಂತ ಯಾರು ಓದುತ್ತಾರೆ?

ಕಾರಿನ ಜೊತೆ ಬಂದ ಪುಸ್ತಕ ಓದುವ ಕೆಲಸವೂ ನನಗೇ ಇತ್ತು. ನಮ್ಮವರಿಗೆ ಎರಡೂ ಕಣ್ಣಿಗೆ ಪೊರೆ ಬರತೊಡಗಿತ್ತು, ಆ ಇರುವೆ ಸಾಲಿನಂಥ ಅಕ್ಷರ ಹತ್ತುತ್ತಿರಲಿಲ್ಲ. ನಾನು ಎಣ್ಣೆಯ ಪುಟ ಓದಿ ಹೇಳಿದೆ, ಟೈರಿನ ಪುಟ ಓದಿ ಹೇಳಿದೆ, ಮಿಕ್ಕದ್ದು ಆಮೇಲೆ ಅಂತ ಕಾರಿನ ಖಾನೆಯೊಳಗೆ ಇಟ್ಟೆ.

ಮೂರನೇ ಬೇಸಿಗೆಯಲ್ಲಿ ಕಾರು ಸಣ್ಣಗೆ ಕೊರಗತೊಡಗಿತು. ಹೊರಡುವಾಗ ಒಂದು ನಡುಕ, ಆಮೇಲೆ ಕಿವಿಯ ಹತ್ತಿರ ಗುಂಗಾಡಿ ಗುಂಯ್‌ಗುಟ್ಟಿದ ಹಾಗೆ ಸದ್ದು. ಎಣ್ಣೆ ಇಳಿಸಿದಾಗ ಕರ್ರಗೆ ಬಂತು. ನಮ್ಮವರು ಬಿಸಿಲನ್ನು ಬೈದು, ಹೊಸ ಎಣ್ಣೆ ಹಾಕಿ, ಸದ್ದು ಎಲ್ಲಿಂದ ಬರುತ್ತಿದೆ ಅಂತ ಹಿಡಿಯಲು ಗ್ರೌಂಡ್ ರನ್ನನ್ನು ವಾರಕ್ಕೆ ಎರಡು ಸಲ ಮಾಡಿದರು. ಒಂದು ನಿಮಿಷದ್ದು ಎರಡು ನಿಮಿಷವಾಯಿತು. ಗುರುವಾರವೂ ಇಟ್ಟಿಗೆ, ಗುರುವಾರವೂ ಸಹಿ.

ಅದರ ಮುಂದಿನ ಮೇ ತಿಂಗಳು, ಬೆಳಿಗ್ಗೆ ಹನ್ನೊಂದರ ಹೊತ್ತಿಗೆ, ಊರಂಚಿನ ವಾಡಿಯ ಹತ್ತಿರ ಅಮರಾವತಿ ರಸ್ತೆಯ ಏರಿನಲ್ಲಿ ಕಾರು ನನ್ನನ್ನು ಕೈಬಿಟ್ಟಿತು. ಎಕ್ಸಿಲೇಟರ್ ಒತ್ತಿದರೆ ಇಂಜಿನ್ ಕೂಗುತ್ತದೆ, ಗಾಡಿ ಮುಂದಕ್ಕೆ ಹೋಗುವುದಿಲ್ಲ. ಹಿಂದೆ ಟ್ರಕ್ಕುಗಳ ಸಾಲು, ಹಾರ್ನೋ ಹಾರ್ನು. ಕ್ಯಾಲಿಪರ್ ಕಟ್ಟಿಕೊಂಡು ಆ ರಸ್ತೆಯಲ್ಲಿ ಇಳಿಯುವುದು ಹೇಗೆ? ಕೊನೆಗೆ ಒಬ್ಬ ಟ್ರಕ್ ಡ್ರೈವರ್ ಇಳಿದು ಬಂದು, "ಮಾವಶಿ, ನ್ಯೂಟ್ರಲ್ ಮೇ ಡಾಲೋ," ಎಂದು ಗೇರನ್ನು ನ್ಯೂಟ್ರಲ್‌ಗೆ ಹಾಕಿಸಿ, ಇನ್ನಿಬ್ಬರನ್ನು ಕರೆದು ಪಕ್ಕಕ್ಕೆ ತಳ್ಳಿದ. ಅಲ್ಲಿಂದ ವಾಡಿಯ ಒಂದು ಗ್ಯಾರೇಜಿಗೆ ಎಳೆಸಿದೆವು.

ಎರಡು ದಿನದ ಮೇಲೆ ಗ್ಯಾರೇಜಿನ ಮಾಲೀಕ ಕರೆದ. ಅಂದು ನಮ್ಮವರಿಗೆ ಕಣ್ಣಿನ ಆಸ್ಪತ್ರೆಯಲ್ಲಿ ಹೊಸ ಕನ್ನಡಕ ಕೊಡುವ ದಿನ. ಪೊರೆ ತೆಗೆಸಿ ತಿಂಗಳಾಗಿತ್ತು. ನಾನೊಬ್ಬಳೇ ಆಟೋದಲ್ಲಿ ಹೋದೆ. ಆತ ಒಂದು ಸ್ಟೀಲ್ ತಟ್ಟೆಯಲ್ಲಿ ಎಣ್ಣೆ ತಂದು ಬಿಸಿಲಿಗೆ ಹಿಡಿದ. ಕಾಡಿಗೆಯಷ್ಟು ಕಪ್ಪು, ಅದರಲ್ಲಿ ಲೋಹದ ಚೂರುಗಳು ಮಿನುಗುತ್ತಿದ್ದವು.

"ಬೆಲ್ಟ್ ಗಯಾ, ಪುಲಿ ಭೀ ಗಯೀ. ಪೂರಾ ಡಬ್ಬಾ ಬದಲ್ನಾ ಪಡೇಗಾ, ಮ್ಯಾಡಮ್," ಎಂದ. ಪಟ್ಟಾ, ಪುಲಿ ಎರಡೂ ಹೋಗಿವೆಯಂತೆ, ಇಡೀ ಗೇರ್‌ಬಾಕ್ಸೇ ಬದಲಿಸಬೇಕಂತೆ; ಬಿಚ್ಚಿ ರಿಪೇರಿ ಮಾಡುವವರು ಈ ಊರಲ್ಲಿ ಯಾರೂ ಇಲ್ಲವಂತೆ. ಹೊಸ ಗೇರ್‌ಬಾಕ್ಸ್ ತರಿಸಿದರೆ ಮೂಗಿಗಿಂತ ಮೂಗುತಿ ಭಾರ. ನಾನು ಎಣ್ಣೆ ಹೊತ್ತುಹೊತ್ತಿಗೆ ಬದಲಿಸಿದ್ದೇವೆ ಅಂದೆ. ಆತ ಸ್ವಲ್ಪ ಯೋಚಿಸಿ, ಸಂಕೋಚದಿಂದ ಕೇಳಿದ: "ಬ್ರೇಕ್ ಔರ್ ಎಕ್ಸಿಲೇಟರ್ ಏಕ್ ಸಾಥ್ ದಬಾತೇ ಹೋ ಕ್ಯಾ?"

ಎರಡನ್ನೂ ಒಟ್ಟಿಗೆ ಒತ್ತಲು ಎರಡು ಗಟ್ಟಿ ಕಾಲು ಬೇಕು. ಆತ ತನ್ನ ಪಾಡಿಗೆ ವಿವರಿಸಿದ: ಹಾಗೆ ತಡೆದು ಹಿಡಿದರೆ ಒಳಗೆ ಎಣ್ಣೆ ಕುದಿಯುತ್ತದೆ, ಐದಾರು ಸೆಕೆಂಡಿಗಿಂತ ಹೆಚ್ಚು ಆಗಲೇಬಾರದು. ಎಣ್ಣೆ ಸುಟ್ಟರೆ ಅದರ ಹಿಡಿತ ಹೋಯಿತು, ಪಟ್ಟಾ ಜಾರುತ್ತದೆ, ಜಾರಿ ಜಾರಿ ಪುಲಿಯನ್ನು ಕೆರೆದು ಹಾಕುತ್ತದೆ. ಇದು ಕಾರಿನ ಪುಸ್ತಕದಲ್ಲೇ ಇದೆಯಲ್ಲ, ಮ್ಯಾಡಮ್, ಅಂದ. ನಾನು ಖಾನೆಯಲ್ಲಿದ್ದ ಪುಸ್ತಕ, ನನ್ನ ಛತ್ರಿ, ನೀರಿನ ಬಾಟಲಿ ತೆಗೆದುಕೊಂಡು ಬಂದೆ.

ದಾರಿಯುದ್ದಕ್ಕೂ ಸಿಟ್ಟು ಕುದಿಯುತ್ತಿತ್ತು. ನನ್ನ ಸಿಟ್ಟು ಒಳ್ಳೆಯದಲ್ಲ, ಅದು ನನಗೆ ಗೊತ್ತು. ಬಾಗಿಲಲ್ಲೇ, ಚಪ್ಪಲಿ ಕೂಡ ಬಿಡದೆ ಶುರು ಮಾಡಿದೆ. "ನೀವ ಕೊಂದ್ರಿ ಅದನ್ನ. ನಿಮ್ಮ ಗ್ರೌಂಡ್ ರನ್ನ ಕೊಂದ್ತು. ವಾರಾ ವಾರಾ ನಿಲ್ಲಿಸಿ ಸುಟ್ರಿ. ನನಗಿದ್ದದ್ದು ಅದೊಂದ, ಅದನ್ನೂ ಬಿಡಲಿಲ್ಲ ನೀವು." ಇನ್ನೂ ಏನೇನೋ ಅಂದೆ. ಅದರಲ್ಲಿ ಒಂದು ಮಾತು ಅವರ ಎರಡು ಗಟ್ಟಿ ಕಾಲಿನ ಬಗ್ಗೆ ಇತ್ತು; ಅದನ್ನು ಬರೆಯಲಾರೆ.

ಅವರು ನನ್ನ ಕೈಯಿಂದ ಕಾರಿನ ಪುಸ್ತಕ ತೆಗೆದುಕೊಂಡು, ಹೊಸ ಕನ್ನಡಕ ಹಾಕಿ, ಕಿಟಕಿಯ ಪಕ್ಕ ಕೂತು ಪುಟ ತಿರುವಿದರು. ಅರ್ಧ ಗಂಟೆಯಾಗಿರಬಹುದು. ಸಿಕ್ಕಿತು. ಚೌಕಟ್ಟು ಹಾಕಿ, ದಪ್ಪ ಅಕ್ಷರದಲ್ಲಿ ಬರೆದಿದ್ದರು. ಬೆರಳಿಟ್ಟು ಎರಡು ಸಲ ಓದಿಕೊಂಡರು.

ಆಮೇಲೆ ರಿಜಿಸ್ಟರ್ ತಂದು ಕೊನೆಯ ಸಾಲು ಬರೆದರು: ಗೇರ್‌ಬಾಕ್ಸ್ ಹಾಳು, ಕಾರಣ ಮಾಡಿದವರ ತಪ್ಪು ವಿಧಾನ. ವಾಯುಸೇನೆಯಲ್ಲಿ ತಪ್ಪು ಮಾಡಿದವನೇ ಬರೆದು ಸಹಿ ಹಾಕಬೇಕಂತೆ. ಸಹಿ ಹಾಕಿದರು. ಅಭ್ಯಾಸಬಲದಿಂದ ಪೆನ್ನನ್ನು ನನ್ನ ಕಡೆ ಚಾಚಿದರು.

ಅಂದು ನಾನು ಮೊದಲ ಸಲ ರಿಜಿಸ್ಟರನ್ನು ಓದಿದೆ, ಮೊದಲ ಪುಟದಿಂದ, ಉತ್ತರಪತ್ರಿಕೆ ಓದಿದ ಹಾಗೆ. ಡಿ ಗೇರು, ಬ್ರೇಕ್ ಹಿಡಿದು ಒಂದು ನಿಮಿಷ, ಸರಿಯಿದೆ. ಪಕ್ಕದಲ್ಲಿ ನನ್ನ ಸಹಿ. ಡಿ ಗೇರು, ಒಂದು ನಿಮಿಷ, ನನ್ನ ಸಹಿ. ಮೊದಲ ತಿಂಗಳಿನ ಒಂದು ಸಾಲಿನ ಕೆಳಗೆ ಅವರ ಗುಂಡನೆಯ ಅಕ್ಷರದಲ್ಲಿ ಹೀಗಿತ್ತು: ಇದಕ್ಕೆ ಕಾರಿನ ಪುಸ್ತಕದಲ್ಲಿ ಒಪ್ಪಿಗೆ ಇದೆಯೇ? ಎರಡನೆಯವರು ಓದಿ ತಿಳಿಸುವುದು. ಅದರ ಎದುರಿಗೂ ನನ್ನ ಸಹಿಯಿತ್ತು. ಪಕ್ಕದಲ್ಲಿ ಪೋಹೆಯ ಅರಿಶಿನದ ಕಲೆ.

"ಇದನ್ನ ಬರದಿದ್ರಿ..." ಎಂದೆ.

"ನೀ ಸಹಿ ಮಾಡಿದ್ದಿ," ಎಂದರು. ಧ್ವನಿಯಲ್ಲಿ ಸಿಟ್ಟಿರಲಿಲ್ಲ. "ಅಕ್ಕೋರು ನೋಡ್ಯಾರ ಅಂತ ತಿಳಕೊಂಡೆ."

ನಾನು ಪೆನ್ನು ತೆಗೆದುಕೊಂಡು ಸಹಿ ಹಾಕಿದೆ. ಅದು ನನ್ನ ಸಹಿಯಂತೆ ಕಾಣಲಿಲ್ಲ. ಅವರಿಗೆ ಕ್ಷಮೆ ಕೇಳಿದೆನೇ? ಇಲ್ಲ. ಇವತ್ತಿನವರೆಗೂ ಕೇಳಿಲ್ಲ. ಅಂದು ಆಡಿದ ಮಾತು ನಮ್ಮಿಬ್ಬರ ನಡುವೆ ಮನೆಯಲ್ಲೇ ಓಡಾಡಿಕೊಂಡಿದೆ.

ಕಾರನ್ನು ಇದ್ದ ಸ್ಥಿತಿಯಲ್ಲೇ ವಾಡಿಯ ಒಬ್ಬ ವ್ಯಾಪಾರಿ ಎತ್ತಿಕೊಂಡು ಹೋದ. ಇನ್ನೊಂದು ಕಾರಿನ ಮಾತು ನಮ್ಮ ಶಕ್ತಿಗೆ ಮೀರಿದ್ದು, ಇಬ್ಬರೂ ಎತ್ತುವುದಿಲ್ಲ. ಇಟ್ಟಿಗೆಗಳು ಗೇಟಿನ ಪಕ್ಕ ಬಿದ್ದಿವೆ. ನಮ್ಮವರು ಈಗ ಸ್ಕ್ರೂಡ್ರೈವರ್ ಮುಟ್ಟುವುದಿಲ್ಲ. ಈ ಬೇಸಿಗೆಯಲ್ಲಿ ಕೂಲರಿನ ಪಂಪು ನಿಂತಾಗ, ಕಣ್ಣುಮುಚ್ಚಿ ಬಿಚ್ಚುತ್ತಿದ್ದ ಮನುಷ್ಯ, "ಯಾರನ್ನರ ಕರಸು," ಎಂದು ಪೇಪರ್ ಹಿಡಿದು ಕೂತರು. ಬಂದವನು ಹತ್ತು ನಿಮಿಷದಲ್ಲಿ ಸರಿಮಾಡಿದ. ಅವರು ತಲೆ ಎತ್ತಿ ನೋಡಲೂ ಇಲ್ಲ.

ಕಳೆದ ವಾರ ಒಂದು ಸಂಜೆ ಮೋಡ ಕವಿದು ಗಾಳಿ ತಂಪಾಗಿತ್ತು. ನಾನು ಸೀರೆ ಬದಲಿಸಿ, ಕ್ಯಾಲಿಪರ್ ಕಟ್ಟಿಕೊಂಡು ಹೊರಗೆ ಬಂದೆ. ಅವರು ಎದ್ದು ಮೊಬೈಲ್ ತೆಗೆದರು, ಆಟೋ ಕರೆಯಲು. ನನಗೆ ಒಳ್ಳೆಯದಾಗಲಿ ಅಂತಲೇ ಕರೆಯಹೊರಟಿದ್ದರು.

"ಎಲ್ಲಿಗೆ ಅಂತ ಹಾಕ್ಲಿ?" ಎಂದು ಕೇಳಿದರು.

ನಾನು ಯೋಚಿಸಿದೆ. ಹೇಳಲು ಒಂದು ಊರು, ಒಂದು ಕೆರೆ, ಒಂದು ಅಂಗಡಿ ಕೂಡ ಹೊಳೆಯಲಿಲ್ಲ. ಅವರು ಫೋನ್ ಹಿಡಿದು ಕಾಯುತ್ತಲೇ ಇದ್ದರು.

"ಬ್ಯಾಡ ಬಿಡ್ರಿ," ಎಂದು ಕುರ್ಚಿಯ ಮೇಲೆ ಕೂತು ಕ್ಯಾಲಿಪರಿನ ಪಟ್ಟಿಗಳನ್ನು ಒಂದೊಂದಾಗಿ ಬಿಚ್ಚಿದೆ.